ಅವಳಿಗೂ ಒಂದು ‘ಶಾಂತಿ ಕ್ರಾಂತಿ’ ಇರಲಿ

ನಟಿಯೊಬ್ಬಳು ನಿರ್ದೇಶನಕ್ಕೆ ಇಳಿದಳು ಎಂಬ ಸುದ್ದಿ ಬಂದರೆ ಸಾಕು, ಗಾಂಧಿನಗರದ ಸಿನಿಮಾ ಆಫೀಸುಗಳಿಂದ ವಿಜಯನಗರದ ದರ್ಶಿನಿಗಳವರೆಗೆ ಒಂದೇ ಮಾತು: ‘ಮಾರ್ಕೆಟ್ ಹೋಯ್ತು ಅನ್ಸುತ್ತೆ.’ ಅವಳು ಮೊದಲು ಮಾಡೆಲ್ ಆಗಿದ್ದಳು ಎಂದು ಗೊತ್ತಾದರೆ ಮಾತಿಗೆ ಇನ್ನಷ್ಟು ಒಗ್ಗರಣೆ. ‘ಕ್ಯಾಮೆರಾ ಮುಂದೆ ನಿಲ್ಲೋಳಿಗೆ ಹಿಂದೆ ಏನು ಕೆಲಸ?’ ‘ಯಾರೋ ಪಕ್ಕದಲ್ಲಿ ನಿಂತು ಮಾಡಿಸಿರ್ತಾರೆ ಬಿಡಿ.’ ಸಿನಿಮಾ ಓಡದಿದ್ದರೆ ‘ನಾನು ಆಗಲೇ ಹೇಳಲಿಲ್ವಾ?’ ಓಡಿಬಿಟ್ಟರೆ ‘ಹೀರೋ ಇದ್ನಲ್ಲ, ಓಡ್ತು.’ ಕಾಫಿ ಕುಡಿಯುವ ಹೊತ್ತಿನ ಹರಟೆ ಎಂದು ಇದನ್ನು ಬಿಟ್ಟುಬಿಡಬಹುದಿತ್ತು. ಆದರೆ ಸಿನಿಮಾಕ್ಕೆ ದುಡ್ಡು ಹಾಕುವವರೂ ಅದೇ ಟೇಬಲ್ಲಿನಲ್ಲಿ ಕೂತಿರುತ್ತಾರೆ. ಸಂಜೆ ಆಡಿದ್ದು ಬೆಳಗಾಗುವಷ್ಟರಲ್ಲಿ ವ್ಯಾಪಾರದ ತೀರ್ಮಾನವಾಗಿರುತ್ತದೆ.

ಇದಕ್ಕೆ ಸಭ್ಯವಾದ ಇನ್ನೊಂದು ಆವೃತ್ತಿಯೂ ಇದೆ. ಅದನ್ನು ಓದಿಕೊಂಡವರು, ಸಿನಿಮಾ ಬಗ್ಗೆ ಬರೆಯುವವರು, ಚಿತ್ರೋತ್ಸವದ ಪಾಸು ಕುತ್ತಿಗೆಗೆ ಹಾಕಿಕೊಂಡವರು ಹೇಳುತ್ತಾರೆ. ‘ಯಾರು ತಡೆದಿದ್ದಾರೆ? ಬರಲಿ, ಮಾಡಲಿ. ಕೊನೆಗೆ ತೀರ್ಮಾನ ಮಾಡೋನು ಪ್ರೇಕ್ಷಕ. ಅವನಿಗೆ ಗಂಡು ಹೆಣ್ಣು ಅಂತಿಲ್ಲ.’ ನನ್ನ ಜಗಳ ಹೆಚ್ಚಾಗಿ ಇವರ ಜೊತೆ. ದರ್ಶಿನಿಯ ಮಾತಿನಲ್ಲಿ ಕೊನೇಪಕ್ಷ ಮುಚ್ಚುಮರೆ ಇಲ್ಲ.

ರೂಪಾ ಅಯ್ಯರ್ ಅವರ ದಾರಿಯನ್ನೇ ನೋಡಿ. ಮಾಡೆಲಿಂಗ್‌ನಿಂದ ಶುರುಮಾಡಿ ನಟನೆಗೆ ಬಂದವರು, ಭರತನಾಟ್ಯ ಕಲಿತವರು. ನಿರ್ದೇಶಕಿಯಾಗಿ ಮೊದಲ ಸಿನಿಮಾ ‘ಮುಖಪುಟ’. ಎಚ್‌ಐವಿ ಸೋಂಕಿನ ಮಗುವೊಂದರ ಸುತ್ತ ಹೆಣೆದ ಕಥೆ. ಚಿತ್ರೋತ್ಸವಗಳಿಗೆ ಹೋಗಿಬಂತು, ಒಳ್ಳೆಯ ಮಾತು ಕೇಳಿಬಂತು. ಎರಡನೆಯದು 2013ರ ‘ಚಂದ್ರ’. ಶ್ರಿಯಾ ಸರನ್ ಮತ್ತು ಪ್ರೇಮ್, ಕನ್ನಡ ಮತ್ತು ತಮಿಳು ಎರಡು ಭಾಷೆ, ಅರಸು ಮನೆತನದ ಹೆಣ್ಣುಮಗಳೊಬ್ಬಳ ಪ್ರೇಮಕಥೆ. ಆಮೇಲೆ ವರ್ಷಗಟ್ಟಲೆ ಅಂತರ. ಕೊನೆಗೆ ಅವರು ಕೈಗೆತ್ತಿಕೊಂಡದ್ದು ಆಜಾದ್ ಹಿಂದ್ ಫೌಜ್‌ನ ನೀರಾ ಆರ್ಯ ಎಂಬ ಹೆಣ್ಣುಮಗಳ ಕಥೆ, ಅದೂ ಹಿಂದಿಯಲ್ಲಿ. ಕನ್ನಡದಲ್ಲಿ ದ್ವಿಭಾಷಾ ಸಿನಿಮಾ ಮಾಡುವಷ್ಟು ಮುಂದೆ ಹೋಗಿದ್ದವರು ಮುಂದಿನದಕ್ಕೆ ಬೇರೆ ಭಾಷೆಯ ಬಾಗಿಲು ತಟ್ಟಿದರು. ಇದನ್ನು ಅವರ ಆಯ್ಕೆ ಎಂದು ಹೇಳುವವರು ಹೇಳಲಿ. ಹಿಂದಿನ ಸಿನಿಮಾ ಗೆಲ್ಲದ ಗಂಡು ನಿರ್ದೇಶಕರು ಕನ್ನಡದಲ್ಲೇ ಮೂರನೆಯದು, ನಾಲ್ಕನೆಯದು ಮಾಡುತ್ತಾ ಇರುವುದನ್ನು ಕಂಡವನಿಗೆ ಆ ವಿವರಣೆ ಗಂಟಲಲ್ಲಿ ಇಳಿಯುವುದಿಲ್ಲ.

‘ಚಂದ್ರ’ ನನಗೆ ಪೂರ್ತಿ ಹಿಡಿಸಿದ ಸಿನಿಮಾ ಏನೂ ಅಲ್ಲ. ಅರಮನೆ, ಒಡವೆ, ರೇಷ್ಮೆ ಕಣ್ಣು ತುಂಬುತ್ತವೆ. ಕಥೆ ಅವುಗಳ ನಡುವೆ ದಾರಿ ಬಿಡಿಸಿಕೊಳ್ಳಲು ಒದ್ದಾಡುತ್ತದೆ. ನಿರ್ದೇಶಕಿ ಇಲ್ಲಿ ಎಡವಿದರು ಎಂದು ಬರೆದರೆ ಅದು ವಿಮರ್ಶೆ. ‘ಮಾಡೆಲ್ ತಾನೇ, ಸೀರೆ ಒಡವೆ ಬಿಟ್ಟು ಇನ್ನೇನು ತೋರಿಸ್ತಾಳೆ’ ಎಂದರೆ ಅದು ಸಿನಿಮಾ ನೋಡದೆ ಜಾತಕ ಓದಿದ ಹಾಗೆ. ರಾಜಾಜಿನಗರದಲ್ಲಿ ದಶಕಗಳ ಕಾಲ ಮನೆ ಮಾಡಿಕೊಂಡಿದ್ದ ನಟ–ನಿರ್ದೇಶಕ ರವಿಚಂದ್ರನ್ ಹಾಡುಗಳ ಮೇಲೆ ಹೂವು, ಹಣ್ಣು, ನೀರು, ಬಣ್ಣ ಎಲ್ಲವನ್ನೂ ಸುರಿದಾಗ ನಾವು ಅದನ್ನು ಶ್ರೀಮಂತಿಕೆ ಎಂದೆವು, ಶಿಳ್ಳೆ ಹೊಡೆದೆವು. ಕಣ್ಣಿಗೆ ಹಬ್ಬ ಮಾಡುವುದು ಗಂಡಸಿನ ಕೈಯಲ್ಲಿ ಶೈಲಿ. ಮಾಡೆಲಿಂಗ್‌ನಿಂದ ಬಂದವಳ ಕೈಯಲ್ಲಿ ಹಳೇ ಚಾಳಿ. ಹಾಗೆ ನೋಡಿದರೆ ರವಿಚಂದ್ರನ್ ಅವರ ‘ಪ್ರೇಮಲೋಕ’ದ ನಾಯಕಿ ಜೂಹಿ ಚಾವ್ಲಾ ಕೂಡ 1984ರ ಮಿಸ್ ಇಂಡಿಯಾ. ಸೌಂದರ್ಯ ಸ್ಪರ್ಧೆಯಿಂದ ಬಂದವಳನ್ನು ನಾಯಕಿ ಮಾಡಿದರೆ ಅದು ನಿರ್ಮಾಪಕನ ಜಾಣತನ. ಅಂಥವಳೇ ‘ಆಕ್ಷನ್’ ಎಂದರೆ ಎಲ್ಲರಿಗೂ ಅನುಮಾನ.

ಮಾಡೆಲಿಂಗ್‌ನಲ್ಲಿ ಕಲಿಯುವುದೇನೂ ಇಲ್ಲ ಎಂಬುದು ಈ ಅನುಮಾನದ ತಳಪಾಯ. ಆ ತಳಪಾಯ ಅಲುಗಾಡಿಸಲು ಒಂದು ಫೋಟೋ ಸಾಕು. 1960ರಲ್ಲಿ ಬ್ರಯಾನ್ ಬ್ರೇಕ್ ಎಂಬ ನ್ಯೂಜಿಲೆಂಡ್ ಛಾಯಾಗ್ರಾಹಕ ಭಾರತದ ಮಳೆಗಾಲದ ಮೇಲೆ ಒಂದು ಚಿತ್ರಮಾಲೆ ತೆಗೆದ. ಅದರಲ್ಲಿ ಮುಖ ಮೇಲೆತ್ತಿ, ಕಣ್ಣು ಮುಚ್ಚಿ ಮೊದಲ ಮಳೆಗೆ ಒಡ್ಡಿಕೊಂಡ ಹುಡುಗಿಯ ಚಿತ್ರ ಜಗತ್ತನ್ನೆಲ್ಲ ಸುತ್ತಿತು, ‘ಲೈಫ್’ ಪತ್ರಿಕೆಯ ಮುಖಪುಟಕ್ಕೂ ಹೋಯಿತು. ಅಲ್ಲಿ ಮಳೆಯೇ ಇರಲಿಲ್ಲ. ಕೋಲ್ಕತ್ತದ ಒಂದು ಮನೆಯ ತಾರಸಿ, ಒಂದು ಏಣಿ, ಗಿಡಕ್ಕೆ ನೀರು ಹಾಕುವ ಡಬ್ಬ. ಪೇಟೆಯ ಹುಡುಗಿಗೆ ಹಳ್ಳಿಯವರಂತೆ ಕೆಂಪು ಸೀರೆ ಉಡಿಸಿ ನಿಲ್ಲಿಸಿದ್ದರು. ಆಗ ಅವಳಿನ್ನೂ ಹದಿಹರೆಯದವಳು. ಮುಂದಿನ ವರ್ಷ ಸತ್ಯಜಿತ್ ರಾಯ್ ‘ತೀನ್ ಕನ್ಯಾ’ದಲ್ಲಿ ಅವಳನ್ನು ನಟಿ ಮಾಡಿದರು. 1981ರಲ್ಲಿ ಅವಳು ‘36 ಚೌರಂಗಿ ಲೇನ್’ ನಿರ್ದೇಶಿಸಿ ಅತ್ಯುತ್ತಮ ನಿರ್ದೇಶನದ ರಾಷ್ಟ್ರಪ್ರಶಸ್ತಿ ಪಡೆದಳು. ಅಪರ್ಣಾ ಸೇನ್. ಏಣಿ ಮೇಲಿಂದ ಸುರಿದ ನೀರು ಚೌಕಟ್ಟಿನೊಳಗೆ ಮುಂಗಾರು ಆಗುವುದು ಹೇಗೆ ಎಂದು ಹದಿಹರೆಯದಲ್ಲೇ ನೆನೆದು ನೋಡಿದವಳಿಗೆ ಸಿನಿಮಾದ ಮುಖ್ಯ ಗುಟ್ಟು ಕೈಗೆ ಸಿಕ್ಕಿಹೋಗಿತ್ತು. ಬೆಳಕು ಎಲ್ಲಿಂದ ಬೀಳುತ್ತದೆ, ಯಾವ ಲೆನ್ಸಿಗೆ ಮುಖ ಎಷ್ಟು ಅಗಲವಾಗುತ್ತದೆ, ಬಟ್ಟೆ ಯಾವ ಬಣ್ಣಕ್ಕೆ ಸಾಯುತ್ತದೆ, ಮತ್ತು ನೋಡುತ್ತಿರುವ ಕಣ್ಣು ಯಾರದು, ಅದಕ್ಕೆ ಏನು ಬೇಕು. ಈ ಕೊನೆಯದನ್ನು ಮಾಡೆಲ್ ಆಗಿದ್ದವಳಷ್ಟು ಚೆನ್ನಾಗಿ ಬಲ್ಲವರು ಯಾರಿದ್ದಾರೆ? ಜಾಹೀರಾತು ಸಿನಿಮಾ ಮಾಡಿದ ಗಂಡಸು ಕಥಾಚಿತ್ರಕ್ಕೆ ಬಂದರೆ ಆ ಅನುಭವವನ್ನು ಬಯೋಡೇಟಾದ ಮೊದಲ ಸಾಲಲ್ಲಿ ಬರೆದುಕೊಳ್ಳುತ್ತಾನೆ. ಅದೇ ಜಾಹೀರಾತಿನಲ್ಲಿ ನಿಂತಿದ್ದವಳು ಅದನ್ನು ಮರೆಸಬೇಕಾಗುತ್ತದೆ.

ನಟನೆಯದೂ ಇದೇ ಕಥೆ. ನಟಿ ಆರತಿ 1969ರ ‘ಗೆಜ್ಜೆ ಪೂಜೆ’ಯಿಂದ 1981ರ ‘ರಂಗನಾಯಕಿ’ಯವರೆಗೆ ಪುಟ್ಟಣ್ಣ ಕಣಗಾಲರ ಚೌಕಟ್ಟಿನೊಳಗೆ ಬೆಳೆದವರು. ನಡುವೆ ‘ನಾಗರಹಾವು’, ‘ಉಪಾಸನೆ’, ‘ಶುಭಮಂಗಳ’. ಕನ್ನಡದ ಅತಿ ಶಿಸ್ತಿನ ನಿರ್ದೇಶಕ ದೃಶ್ಯವನ್ನು ಹೇಗೆ ಒಡೆಯುತ್ತಾರೆ, ಮೌನಕ್ಕೆ ಎಷ್ಟು ಅಡಿ ಫಿಲ್ಮ್ ಕೊಡುತ್ತಾರೆ, ಹಾಡಿನೊಳಗೆ ಕಥೆಯನ್ನು ಹೇಗೆ ಮುಂದೂಡುತ್ತಾರೆ ಎಂಬುದನ್ನು ಹತ್ತು ಹನ್ನೆರಡು ವರ್ಷ ಕೈಯಳತೆಯ ದೂರದಿಂದ ಕಂಡವರು. ಆ ಸೆಟ್ಟಿನ ಸಹಾಯಕ ನಿರ್ದೇಶಕ ಮುಂದೆ ಸಿನಿಮಾ ಮಾಡಿದ್ದರೆ ‘ಪುಟ್ಟಣ್ಣನವರ ಗರಡಿ’ ಎಂದು ಪೋಸ್ಟರಿನಲ್ಲಿ ಹಾಕಿಕೊಳ್ಳುತ್ತಿದ್ದ, ನಾವೂ ಒಪ್ಪುತ್ತಿದ್ದೆವು. ಆರತಿ 2005ರಲ್ಲಿ ‘ಮಿಠಾಯಿ ಮನೆ’ ನಿರ್ದೇಶಿಸಿದಾಗ ಅದು ದೂರ ಹೋಗಿದ್ದ ತಾರೆ ಮತ್ತೆ ಕಾಣಿಸಿಕೊಂಡ ಸುದ್ದಿಯಾಯಿತು. ಗರಡಿಯ ಮಾತು ಯಾರಿಗೂ ಹೊಳೆಯಲಿಲ್ಲ. ಕ್ಯಾಮೆರಾದ ಆ ಕಡೆ ನಿಂತವನು ಶಿಷ್ಯ, ಈ ಕಡೆ ನಿಂತವಳು ಮುಖ. ಒಂದೇ ಪಾಠಶಾಲೆ, ಒಂದೇ ಮೇಷ್ಟರು.

ಅಷ್ಟೇಕೆ, ಕನ್ನಡದ ಮೊದಲ ಮಹಿಳಾ ನಿರ್ದೇಶಕಿ ಯಾರು ಎಂದು ಕೇಳಿ. ಪ್ರೇಮಾ ಕಾರಂತ, 1983, ‘ಫಣಿಯಮ್ಮ’ ಎಂಬ ಉತ್ತರ ಥಟ್ಟನೆ ಬರುತ್ತದೆ. ‘ಫಣಿಯಮ್ಮ’ ದೊಡ್ಡ ಸಿನಿಮಾ, ಎಂ.ಕೆ. ಇಂದಿರಾ ಅವರ ಕಾದಂಬರಿಗೆ ಅದಕ್ಕಿಂತ ಗೌರವದ ತೆರೆ ಸಿಗುತ್ತಿರಲಿಲ್ಲ. ಆದರೆ ಅದಕ್ಕೂ ಮೂರು ವರ್ಷ ಮೊದಲು, 1980ರಲ್ಲಿ, ‘ಮಕ್ಕಳ ಸೈನ್ಯ’ ಬಂದಿತ್ತು. ವಿಷ್ಣುವರ್ಧನ್ ನಾಯಕ, ನಿರ್ದೇಶನ ನಟಿ ಲಕ್ಷ್ಮಿ. ಟಿವಿಯಲ್ಲಿ ಹಾಕಿದರೆ ಇವತ್ತೂ ಮನೆಮಂದಿಯೆಲ್ಲ ಕೂತು ನೋಡುವ ಸಿನಿಮಾ. ಅದು ಉತ್ತರದಿಂದ ಬಿಟ್ಟುಹೋದದ್ದು ಹೇಗೆ? ನಿರ್ದೇಶಕ ಕೆ. ಬಾಲಚಂದರ್ ಅವರ ಮೇಲ್ವಿಚಾರಣೆ ಇತ್ತು ಎನ್ನುತ್ತಾರೆ. ಇರಬಹುದು. ಹೊಸ ನಿರ್ದೇಶಕನ ಹಿಂದೆ ಗುರು ನಿಂತರೆ ಅದು ಆಶೀರ್ವಾದ, ನಟಿಯ ಹಿಂದೆ ನಿಂತರೆ ಕೆಲಸವೆಲ್ಲ ಅವರದೇ ಎಂಬ ಲೆಕ್ಕ ಯಾವ ಶಾಲೆಯದೋ. ರಂಗಭೂಮಿಯ ವಿದುಷಿಗೆ ಚರಿತ್ರೆಯಲ್ಲಿ ಜಾಗ ಮಾಡಿಕೊಟ್ಟೆವು, ಸರಿಯಾಗಿಯೇ ಮಾಡಿದೆವು. ಮಕ್ಕಳನ್ನು ನಗಿಸಿದ ತಾರೆಗೆ ಸಾಲಿನಲ್ಲಿ ನಿಲ್ಲಲೂ ಬಿಡಲಿಲ್ಲ.

ಈಗ ಸಭ್ಯರ ಮಾತಿಗೆ ಬರೋಣ. ತೀರ್ಪು ಪ್ರೇಕ್ಷಕನದು, ಗಲ್ಲಾಪೆಟ್ಟಿಗೆಗೆ ಲಿಂಗವಿಲ್ಲ.

ಗಲ್ಲಾಪೆಟ್ಟಿಗೆ ಒಂದು ಸಿನಿಮಾದ ಬಗ್ಗೆ ತೀರ್ಪು ಕೊಡುತ್ತದೆ. ಆ ತೀರ್ಪು ಬಂದ ಮೇಲೆ ನಿರ್ದೇಶಕ ಮತ್ತೆ ಸಿನಿಮಾ ಮಾಡಬಹುದೇ ಎಂಬುದನ್ನು ಪ್ರೇಕ್ಷಕ ತೀರ್ಮಾನಿಸುವುದಿಲ್ಲ, ಬೇರೆ ಯಾರೋ ತೀರ್ಮಾನಿಸುತ್ತಾರೆ. ಇಡೀ ಚರ್ಚೆಯಲ್ಲಿ ನಾವು ಕಣ್ಣು ಹಾಯಿಸದ ಜಾಗ ಇದು. ಹೆಣ್ಣುಮಕ್ಕಳು ನಿರ್ದೇಶನಕ್ಕೆ ಬರುತ್ತಿಲ್ಲ ಎಂಬುದು ಸುಳ್ಳು, ಬರುತ್ತಲೇ ಇದ್ದಾರೆ. ಅವರಿಗೆ ಸಿಗದೆ ಇರುವುದು ಸೋತು ಎದ್ದು ಬರುವ ಅವಕಾಶ.

ರವಿಚಂದ್ರನ್ ಅವರನ್ನೇ ಮತ್ತೆ ತರುತ್ತೇನೆ, ಏಕೆಂದರೆ ನಮ್ಮ ಪಶ್ಚಿಮ ಬೆಂಗಳೂರಿನವರಿಗೆ ಅವರು ಮನೆಯವರ ಹಾಗೆ. 1987ರಲ್ಲಿ ‘ಪ್ರೇಮಲೋಕ’, ಮರುವರ್ಷ ‘ರಣಧೀರ’. ಊರೆಲ್ಲ ಹಾಡು. ನಂತರ 1991ರ ‘ಶಾಂತಿ ಕ್ರಾಂತಿ’. ನಾಲ್ಕು ಭಾಷೆ; ತೆಲುಗಿನಲ್ಲಿ ನಾಗಾರ್ಜುನ, ತಮಿಳು ಮತ್ತು ಹಿಂದಿಯಲ್ಲಿ ರಜನಿಕಾಂತ್; ಆ ಕಾಲದ ಕನ್ನಡ ಸಿನಿಮಾ ಕನಸಲ್ಲೂ ಎಣಿಸದಂಥ ಬಂಡವಾಳ. ಮುಳುಗಿತು. ಸಾಧಾರಣ ಮುಳುಗಡೆಯಲ್ಲ, ಇವತ್ತಿಗೂ ಗಾಂಧಿನಗರದಲ್ಲಿ ದೊಡ್ಡ ನಷ್ಟಕ್ಕೆ ಉದಾಹರಣೆ ಕೊಡಬೇಕಾದರೆ ನೆನಪಾಗುವ ಹೆಸರು ಅದು. ಅದೇ ವರ್ಷ ‘ರಾಮಾಚಾರಿ’ ನಟನಾಗಿ ಅವರ ಕೈಹಿಡಿಯಿತು, ಅವರು ಮತ್ತೆ ನಿರ್ದೇಶನಕ್ಕೆ ಕೂತರು. 2002ರಲ್ಲಿ ‘ಏಕಾಂಗಿ’ ಸೋತಿತು. ಎರಡು ವರ್ಷಕ್ಕೆ ‘ಮಲ್ಲ’ ಗೆದ್ದಿತು. 2016ರ ‘ಅಪೂರ್ವ’ವೂ 2022ರ ‘ರವಿ ಬೋಪಣ್ಣ’ವೂ ಓಡಲಿಲ್ಲ. ನಾವು ಯಾವತ್ತಾದರೂ ಅವರನ್ನು ‘ನಟನಾಗಿ ಇದ್ದುಬಿಡಿ’ ಎಂದೆವಾ? ಕಳೆದುಕೊಂಡಷ್ಟೂ ಅವರ ಮೇಲೆ ಪ್ರೀತಿ ಹೆಚ್ಚಾಯಿತು. ಸಿನಿಮಾದಲ್ಲಿ ದುಡಿದದ್ದನ್ನೆಲ್ಲ ಸಿನಿಮಾಕ್ಕೇ ಸುರಿದವರು ಎಂದು ಕಣ್ಣಲ್ಲಿ ನೀರು ತಂದುಕೊಂಡೆವು. ನನಗೂ ಆ ಪ್ರೀತಿ ಇದೆ. ಅದರಲ್ಲಿ ಒಂದು ಚಮಚವಾದರೂ ಬೇರೆ ಕಡೆ ಹೋಗಲಿ ಎಂಬುದಷ್ಟೇ ಬೇಡಿಕೆ.

ಇನ್ನೊಬ್ಬರಿದ್ದಾರೆ. ಕೆಂಗೇರಿ–ಉತ್ತರಹಳ್ಳಿ ರಸ್ತೆಯ ಅಭಿಮಾನ್ ಸ್ಟುಡಿಯೋ ಕಟ್ಟಿದ ಹಾಸ್ಯನಟ ಟಿ.ಎನ್. ಬಾಲಕೃಷ್ಣ. ಕಿವಿ ಸರಿಯಾಗಿ ಕೇಳದಿದ್ದರೂ ಸಂಭಾಷಣೆಯ ಸಮಯ ಒಂದು ಕೂದಲೆಳೆ ತಪ್ಪದ ಬಾಲಣ್ಣ. ಸರ್ಕಾರ ಕೊಟ್ಟ ಜಾಗದಲ್ಲಿ ಕನ್ನಡಕ್ಕೊಂದು ಸ್ವಂತ ಸ್ಟುಡಿಯೋ ಆಗಲಿ ಎಂದು ಹೊರಟರು. ಅದು ಅವರು ಅಂದುಕೊಂಡ ಎತ್ತರಕ್ಕೆ ಏಳಲಿಲ್ಲ. 2009ರ ಡಿಸೆಂಬರಿನಲ್ಲಿ ವಿಷ್ಣುವರ್ಧನ್ ಅವರ ಅಂತ್ಯಕ್ರಿಯೆ ನಡೆದದ್ದು ಅಲ್ಲಿ. 2025ರ ಆಗಸ್ಟಿನಲ್ಲಿ ಸಮಾಧಿಯನ್ನು ಕೆಡವಿದಾಗ ರಾಜ್ಯವೆಲ್ಲ ಕಿತ್ತಾಡಿತು, ಬಾಲಣ್ಣನ ಹೆಸರೂ ಮತ್ತೆ ಬಾಯಿಗೆ ಬಂತು. ಆ ಗದ್ದಲದಲ್ಲಿ ಯಾರು ಯಾರನ್ನೋ ಬೈದರು. ‘ಹಾಸ್ಯನಟನಿಗೆ ಸ್ಟುಡಿಯೋ ಯಾಕೆ ಬೇಕಿತ್ತು’ ಎಂದವರನ್ನು ಮಾತ್ರ ನಾನು ಕಾಣೆ. ಕೇಳಬಾರದ ಪ್ರಶ್ನೆ ಅದು, ಯಾರೂ ಕೇಳಲಿಲ್ಲ, ಒಳ್ಳೆಯದಾಯಿತು.

ಈಗ ಸಾವಿತ್ರಿ. ತೆಲುಗು–ತಮಿಳಿನ ಮಹಾನಟಿ, 1968ರಲ್ಲಿ ಹೆಣ್ಣುಮಕ್ಕಳ ತಂಡ ಕಟ್ಟಿಕೊಂಡು ‘ಚಿನ್ನಾರಿ ಪಾಪಲು’ ನಿರ್ದೇಶಿಸಿದರು. ಮುಂದಿನ ಮೂರು ವರ್ಷದಲ್ಲಿ ಇನ್ನೂ ಕೆಲವು ಸಿನಿಮಾ ಮಾಡಿದರು. 1971ರ ‘ಪ್ರಾಪ್ತಂ’ ಹೊತ್ತಿಗೆ ಕೈ ಸುಟ್ಟುಕೊಂಡಿದ್ದರು. ಅವರ ಕಥೆಯನ್ನು ನಮ್ಮಲ್ಲಿ ಹೇಳುವ ಕ್ರಮ ಗಮನಿಸಿ. ನಂಬಿದವರು ಮೋಸ ಮಾಡಿದರು, ಕುಡಿತ, ಆಮೇಲೆ ‘ನಿರ್ದೇಶನ–ನಿರ್ಮಾಣ ಅಂತ ಹೋಗಿ ಎಲ್ಲ ಕಳ್ಕೊಂಡ್ರು’. ಸಿನಿಮಾ ಸೇರಬೇಕೆನ್ನುವ ಹೆಣ್ಣುಮಕ್ಕಳಿಗೆ ಮನೆಯ ಹಿರಿಯರು ಹೇಳುವ ಎಚ್ಚರಿಕೆಯ ಕಥೆ ಇದು. ‘ಶಾಂತಿ ಕ್ರಾಂತಿ’ಯನ್ನು ಯಾವ ಅಪ್ಪನೂ ಮಗನಿಗೆ ಎಚ್ಚರಿಕೆಯಾಗಿ ಹೇಳಿದ್ದು ಕೇಳಿಲ್ಲ. ‘ಅಷ್ಟು ಕಳ್ಕೊಂಡ್ರೂ ಎದ್ದು ನಿಂತ’ ಎನ್ನುತ್ತಾರೆ. ಇಬ್ಬರೂ ಕಳೆದುಕೊಂಡದ್ದು ಸಿನಿಮಾದಲ್ಲೇ.

ಇಷ್ಟು ಹೇಳಿದರೆ ಎದುರಿನವರು ತಮ್ಮ ಬಲವಾದ ಬಾಣ ತೆಗೆಯುತ್ತಾರೆ, ಅದು ನಿಜಕ್ಕೂ ಬಲವಾದದ್ದೇ. ರವಿಚಂದ್ರನ್ ಕಳೆದದ್ದು ಮನೆಯ ದುಡ್ಡು. ತಂದೆ ವೀರಾಸ್ವಾಮಿಯವರ ಈಶ್ವರಿ ಸಂಸ್ಥೆ ಹಿಂದಿತ್ತು. ಅದಕ್ಕೂ ಮೊದಲು ಗೆದ್ದು ತೋರಿಸಿದ್ದರು. ಸ್ವಂತ ಜೇಬಿನಿಂದ ಎಷ್ಟು ‘ಶಾಂತಿ ಕ್ರಾಂತಿ’ ಬೇಕಾದರೂ ಮಾಡಲಿ, ಕೇಳಲು ನೀವ್ಯಾರು?

ಒಪ್ಪಿದೆ. ಹಾಗಾದರೆ ಈ ಮಾತನ್ನು ಕೊನೆಯವರೆಗೂ ಹಿಡಿದುಕೊಂಡು ಹೋಗೋಣ. ಕನ್ನಡದಲ್ಲಿ ನಟಿಯಾಗಿದ್ದು ನಿರ್ದೇಶನಕ್ಕೆ ಬಂದು ಒಂದಕ್ಕಿಂತ ಹೆಚ್ಚು ಸಿನಿಮಾ ಮಾಡಿದವರಲ್ಲಿ ವಿಜಯಲಕ್ಷ್ಮಿ ಸಿಂಗ್ ಮುಖ್ಯರು. 2007ರಲ್ಲಿ ವಿಷ್ಣುವರ್ಧನ್–ಜಯಪ್ರದಾ ಇದ್ದ ‘ಈ ಬಂಧನ’, 2009ರಲ್ಲಿ ‘ಮಳೆ ಬರಲಿ ಮಂಜೂ ಇರಲಿ’, 2019ರಲ್ಲಿ ‘ಯಾನ’. ಕೆಲಸ ಬಲ್ಲವರು, ಅನುಮಾನವಿಲ್ಲ. ಜೊತೆಗೆ ಅವರು ಡಿ. ಶಂಕರ್ ಸಿಂಗ್ ಮತ್ತು ಪ್ರತಿಮಾದೇವಿಯವರ ಮಗಳು, ರಾಜೇಂದ್ರಸಿಂಗ್ ಬಾಬು ಅವರ ತಂಗಿ, ಜೈಜಗದೀಶ್ ಅವರ ಪತ್ನಿ. ಹುಟ್ಟಿದ ಮನೆಯೂ ಸಿನಿಮಾ, ಹೊಕ್ಕ ಮನೆಯೂ ಸಿನಿಮಾ. ಪಕ್ಕದ ತೆಲುಗಿಗೆ ಹೋದರೆ ನಟಿ ವಿಜಯನಿರ್ಮಲಾ 44 ಸಿನಿಮಾ ನಿರ್ದೇಶಿಸಿ 2002ರಲ್ಲಿ ಗಿನ್ನೆಸ್ ದಾಖಲೆಗೆ ಸೇರಿದರು. ಅವರ ಪಕ್ಕದಲ್ಲಿ ಸೂಪರ್‌ಸ್ಟಾರ್ ಕೃಷ್ಣ ಇದ್ದರು, ಸ್ವಂತ ನಿರ್ಮಾಣ ಸಂಸ್ಥೆ ಇತ್ತು. ಅಪರ್ಣಾ ಸೇನ್‌ಗೆ ಮೊದಲ ಸಿನಿಮಾಕ್ಕೆ ನಿರ್ಮಾಪಕರಾಗಿ ಶಶಿ ಕಪೂರ್ ಸಿಕ್ಕರು. ನಲವತ್ತನಾಲ್ಕು ಸಿನಿಮಾ! ಮಾಡೆಲ್, ನಟಿ, ತಲೆ ಇಲ್ಲ, ಕಷ್ಟ ಸಹಿಸಲ್ಲ ಎಂಬ ಮಾತೆಲ್ಲ ಆ ಒಂದು ಸಂಖ್ಯೆಯ ಮುಂದೆ ಎಲ್ಲಿ ನಿಲ್ಲುತ್ತದೆ? ನಷ್ಟ ತಡೆದುಕೊಳ್ಳುವ ಜೇಬು ಹತ್ತಿರದಲ್ಲಿ ಇದ್ದ ಕಡೆಯೆಲ್ಲ ನಟಿಯರು ನಿರ್ದೇಶಕಿಯರಾಗಿ ಉಳಿದಿದ್ದಾರೆ. ಇಲ್ಲದ ಕಡೆ ಒಂದೆರಡಕ್ಕೇ ನಿಂತಿದ್ದಾರೆ. ಹಾಗಿದ್ದರೆ ಇದು ಪ್ರತಿಭೆಯ ತೀರ್ಪು, ಪ್ರೇಕ್ಷಕನ ತೀರ್ಪು ಎಂಬ ವೇಷ ಯಾಕೆ? ಜೇಬಿನ ತೀರ್ಪು ಎಂದು ನೇರವಾಗಿ ಹೇಳಿ. ಆಗ ಮಾತು ಎಲ್ಲಿಗೆ ಹೋಗಬೇಕೋ ಅಲ್ಲಿಗೆ ಹೋಗುತ್ತದೆ.

ಏಕೆಂದರೆ ಎಲ್ಲ ಗಂಡು ನಿರ್ದೇಶಕರೂ ಮನೆಯ ದುಡ್ಡಿನಲ್ಲಿ ಸೋಲುತ್ತಿಲ್ಲ. ಹೆಚ್ಚಿನವರು ಬೇರೆಯವರ ದುಡ್ಡಿನಲ್ಲೇ ಸೋಲುತ್ತಾರೆ, ಮತ್ತೆ ಬೇರೆಯವರ ದುಡ್ಡೇ ಸಿಗುತ್ತದೆ. ವ್ಯಾಪಾರದ ಒಳಗು ಗೊತ್ತಿದ್ದವರಿಗೆ ಇದು ಹೊಸತೇನಲ್ಲ. ಕನ್ನಡದಲ್ಲಿ ಬಂಡವಾಳ ಕಥೆಯನ್ನು ನಂಬಿ ಬರುವುದು ಅಪರೂಪ. ಹೀರೋ ಯಾರು, ಅವನ ಹಿಂದಿನ ಸಿನಿಮಾದ ಹಿಂದಿ ಡಬ್ಬಿಂಗ್ ರೈಟ್ಸ್ ಎಷ್ಟಕ್ಕೆ ಹೋಯಿತು, ಟಿವಿಯವರು ಏನು ಕೊಡುತ್ತಾರೆ, ಇಷ್ಟು ಲೆಕ್ಕ ಕೂಡಿದರೆ ಮುಹೂರ್ತಕ್ಕೆ ತೆಂಗಿನಕಾಯಿ ತರಿಸುತ್ತಾರೆ. ಹೀರೋ ಡೇಟ್ಸ್ ಕೊಡುವುದು ಯಾರಿಗೆ? ರಾತ್ರಿ ಊಟಕ್ಕೆ ಜೊತೆ ಕೂತವನಿಗೆ, ಕ್ರಿಕೆಟ್ ತಂಡದಲ್ಲಿ ಆಡಿದವನಿಗೆ, ಹತ್ತು ವರ್ಷದಿಂದ ‘ಅಣ್ಣಾ’ ಎಂದು ಹಿಂದೆ ಮುಂದೆ ಓಡಾಡಿದವನಿಗೆ. ಆ ವಲಯದಲ್ಲಿ ‘ಅಣ್ಣಾ’ ಎನ್ನುತ್ತ ಓಡಾಡುವ ಹೆಣ್ಣುಮಗಳ ಬಗ್ಗೆ ಊರು ಏನು ಆಡಿಕೊಳ್ಳುತ್ತದೆ ಎಂದು ನಾನು ಬರೆಯಬೇಕಿಲ್ಲ. ಓಡಾಡದಿದ್ದರೆ ಡೇಟ್ಸ್ ಇಲ್ಲ, ಡೇಟ್ಸ್ ಇಲ್ಲದಿದ್ದರೆ ಓಪನಿಂಗ್ ಇಲ್ಲ. ಶುಕ್ರವಾರ ಐದಾರು ಕನ್ನಡ ಸಿನಿಮಾ ಒಟ್ಟಿಗೆ ಬೀಳುತ್ತವೆ. ನವರಂಗ್‌ನಲ್ಲೋ ಮಾಗಡಿ ರಸ್ತೆಯ ಪ್ರಸನ್ನದಲ್ಲೋ ಜಾಗ ಸಿಕ್ಕರೆ ಅದೃಷ್ಟ. ಇಲ್ಲದಿದ್ದರೆ ಮಾಲ್‌ನಲ್ಲಿ ಯಾರೂ ಏಳದ ಹೊತ್ತಿನ ಒಂದು ಆಟ. ಸೋಮವಾರ ಅದೂ ಎತ್ತಂಗಡಿ. ಬಾಯಿಮಾತಿನಿಂದ ಜನ ಬರಬೇಕಾದರೆ ಬಾಯಿಗೆ ಒಂದು ವಾರವಾದರೂ ಬೇಡವೇ? ಬಸವೇಶ್ವರನಗರದ ಗೃಹಿಣಿ ಅಕ್ಕಪಕ್ಕದವರ ಜೊತೆ ಮಾತಾಡಿಕೊಂಡು ಬುಧವಾರದ ಮ್ಯಾಟಿನಿಗೆ ಹೊರಡುವಷ್ಟರಲ್ಲಿ ಪೋಸ್ಟರ್ ಬದಲಾಗಿರುತ್ತದೆ. ಆಮೇಲೆ ‘ಪ್ರೇಕ್ಷಕ ತಿರಸ್ಕರಿಸಿದ’ ಎಂದು ಬರೆಯುತ್ತೇವೆ. ಪ್ರೇಕ್ಷಕ ಇನ್ನೂ ಚಪ್ಪಲಿ ಮೆಟ್ಟಿರಲಿಲ್ಲ.

ಈ ಗತಿ ಹೊಸ ಹುಡುಗರಿಗೂ ಬರುತ್ತದೆ, ಸುಳ್ಳು ಹೇಳಬಾರದು. ಆದರೆ 2014ರಲ್ಲಿ ರಕ್ಷಿತ್ ಶೆಟ್ಟಿಯವರ ‘ಉಳಿದವರು ಕಂಡಂತೆ’ ಗಲ್ಲಾಪೆಟ್ಟಿಗೆಯಲ್ಲಿ ತಣ್ಣಗಾದಾಗ ಏನಾಯಿತು? ‘ಹುಡುಗನಲ್ಲಿ ಏನೋ ಇದೆ’ ಎಂದರು. ಕಾದರು. ಸಿನಿಮಾ ನಿಧಾನವಾಗಿ ಅಭಿಮಾನಿಗಳನ್ನು ಕಟ್ಟಿಕೊಂಡಿತು, ಎರಡೇ ವರ್ಷಕ್ಕೆ ‘ಕಿರಿಕ್ ಪಾರ್ಟಿ’ ಬಂತು. ಅದೇ ‘ಉಳಿದವರು ಕಂಡಂತೆ’ಯಲ್ಲಿ ಪತ್ರಕರ್ತೆಯ ಪಾತ್ರ ಮಾಡಿದ್ದವರು ಶೀತಲ್ ಶೆಟ್ಟಿ. ಸುದ್ದಿವಾಹಿನಿಯ ನಿರೂಪಕಿಯಾಗಿ ಮನೆಮನೆಗೆ ಗೊತ್ತಿದ್ದ ಮುಖ, ನಂತರ ನಟಿ, ನಂತರ 2022ರ ಜುಲೈನಲ್ಲಿ ‘ವಿಂಡೋ ಸೀಟ್’ನ ನಿರ್ದೇಶಕಿ. ರೈಲಿನ ಕಿಟಕಿಯಿಂದ ಕಾಣುವ ಮನೆಯೊಂದು ಪ್ರಯಾಣಿಕನ ತಲೆಹೊಕ್ಕುವ ರೋಚಕ ಕಥೆ. ಜೂನ್‌ನಲ್ಲಿ ‘777 ಚಾರ್ಲಿ’, ಜುಲೈ ಕೊನೆಗೆ ‘ವಿಕ್ರಾಂತ್ ರೋಣ’, ಇವೆರಡರ ನಡುವೆ ಅದು ಕೂತಿತು. ‘ಉಳಿದವರು ಕಂಡಂತೆ’ಗೆ ಕಾದ ತಾಳ್ಮೆಯಲ್ಲಿ ಅರ್ಧವನ್ನಾದರೂ ಅದಕ್ಕೆ ತೋರಿಸಿದೆವೇ?

ದರ್ಶಿನಿಯವರನ್ನೂ ಸಭ್ಯರನ್ನೂ ಬೈದ ಮೇಲೆ ನನ್ನ ಜಾತಿಯವರನ್ನು, ಅಂದರೆ ಬರೆಯುವವರನ್ನು, ಬಿಟ್ಟರೆ ಪಕ್ಷಪಾತವಾಗುತ್ತದೆ. ಮಾರ್ಚ್ 8 ಬಂದರೆ ಪುರವಣಿಯ ಪುಟ ತುಂಬ ‘ಮಹಿಳಾ ನಿರ್ದೇಶಕಿ’, ‘ದಿಟ್ಟ ಹೆಜ್ಜೆ’, ‘ಮನೆ–ಶೂಟಿಂಗ್ ಎರಡನ್ನೂ ಹೇಗೆ ನಿಭಾಯಿಸ್ತೀರಿ?’ ಆ ಸಂದರ್ಶನಗಳಲ್ಲಿ ಶಾಟ್ ಬಗ್ಗೆ ಒಂದು ಪ್ರಶ್ನೆ ಹುಡುಕಿ ನೋಡಿ. ಹೊಗಳಿಕೆಗೆ ಷರತ್ತೂ ಇದೆ: ವಿಷಯ ‘ಸೂಕ್ಷ್ಮ’ವಾಗಿರಬೇಕು. ರೂಪಾ ಅಯ್ಯರ್ ಸೋಂಕಿತ ಮಗುವಿನ ಕಥೆ ಹೇಳಿದಾಗ ಮೆಚ್ಚಿದ ಲೇಖನಿಗಳು ಅವರು ರಾಜಕುಮಾರಿಯ ಪ್ರೇಮಕಥೆಗೆ ಹೊರಳಿದಾಗ ಮುಖ ಸಿಂಡರಿಸಿದವು. ಹೆಣ್ಣು ನಿರ್ದೇಶಕಿ ಎಂದರೆ ಸದಾ ಸಮಾಜದ ಕಣ್ಣೀರು ಒರೆಸುತ್ತಿರಬೇಕು, ವ್ಯಾಪಾರಿ ಸಿನಿಮಾದ ಮೋಜು ಅವಳಿಗೆ ವರ್ಜ್ಯ. ನಟಿಯಲ್ಲದ ಸುಮನಾ ಕಿತ್ತೂರು ‘ಸ್ಲಂ ಬಾಲ’, ‘ಎದೆಗಾರಿಕೆ’ ಎಂದು ಭೂಗತ ಲೋಕಕ್ಕೆ ನುಗ್ಗಿದಾಗಲೂ ಮೊದಲು ಕೇಳಿದ್ದು ‘ಹೆಂಗಸಾಗಿ ರೌಡಿಗಳ ಸಿನಿಮಾನಾ?’ ಎಂದೇ. ಸಿಂಧು ಶ್ರೀನಿವಾಸಮೂರ್ತಿ 2023ರ ‘ಆಚಾರ್ & ಕೋ’ದಲ್ಲಿ ತಾವೇ ನಟಿಸಿ, ನಿರ್ದೇಶಿಸಿ, ಮಕ್ಕಳು ತುಂಬಿದ ಹಳೇ ಬೆಂಗಳೂರಿನ ಮನೆಯೊಂದನ್ನು ನಗುನಗುತ್ತಾ ಕಟ್ಟಿಕೊಟ್ಟರು. ಸಂಗೀತ ಬಿಂದುಮಾಲಿನಿಯವರದು, ನಿರ್ಮಾಣ ಅಶ್ವಿನಿ ಪುನೀತ್ ರಾಜ್‌ಕುಮಾರ್ ಅವರದು. ಭಾಷಣವಿಲ್ಲದ, ಹಗುರ ಹೆಜ್ಜೆಯ ಸಿನಿಮಾ. ಚೆಕ್ ಬರೆಯುವ ಕೈ ಬದಲಾದರೆ ತೆರೆಯ ಮೇಲೆ ಏನೇನು ಬರಬಹುದು ಎಂಬುದಕ್ಕೆ ನಾನು ಮೊದಲು ಕೊಡುವ ಉದಾಹರಣೆ ಅದು.

ಹಾಗಂತ ಎಲ್ಲವನ್ನೂ ಪುಣ್ಯಾತ್ಮರ ಮನಸ್ಸಿಗೆ ಬಿಟ್ಟು ಕೂರಬೇಕಿಲ್ಲ. ನಮ್ಮ ರಾಜ್ಯ ಪ್ರಶಸ್ತಿಗಳಲ್ಲಿ ಚೊಚ್ಚಲ ನಿರ್ದೇಶನಕ್ಕೆ ಪ್ರಶಸ್ತಿ ಇದೆ, ರಾಷ್ಟ್ರಪ್ರಶಸ್ತಿಯಲ್ಲೂ ಇದೆ. ಮೊದಲನೆಯದಕ್ಕೆ ಶಾಲು, ಹಾರ, ಫೋಟೋ ಎಲ್ಲ ಉಂಟು. ಎರಡನೆಯದಕ್ಕೆ? ನಂದಿನಿ ಬಡಾವಣೆಯಲ್ಲಿ ಚಲನಚಿತ್ರ ಅಕಾಡೆಮಿ ಇದೆ. ಅಲ್ಲಿಂದ ಸ್ವಲ್ಪವೇ ದೂರದ ಒರಾಯನ್ ಮಾಲ್‌ನಲ್ಲಿ ವರ್ಷಗಳ ಕಾಲ ಅಂತರರಾಷ್ಟ್ರೀಯ ಚಿತ್ರೋತ್ಸವ ನಡೆಸಿದ್ದಾರೆ, ಸಿನಿಮಾದಲ್ಲಿ ಮಹಿಳೆ ಎಂದು ಮಾತಾಡುವುದಕ್ಕೆ ವೇದಿಕೆ ಸಿಗದೆ ಹೋಗಿಲ್ಲ. ಸರ್ಕಾರ ಪ್ರತಿವರ್ಷ ಕನ್ನಡ ಸಿನಿಮಾಗಳಿಗೆ ಸಹಾಯಧನ ಹಂಚುತ್ತದೆ. ಅದರಲ್ಲಿ ನಾಲ್ಕು ಜನರೂ ನೋಡದ ಸಿನಿಮಾಗಳ ಪಾಲು ಎಷ್ಟು ಎಂದು ಉದ್ಯಮದವರೇ ನಗುತ್ತಾ ಹೇಳುತ್ತಾರೆ. ಆ ಹಣದಲ್ಲಿ ಒಂದು ಸಣ್ಣ ಭಾಗವನ್ನು ಪ್ರತ್ಯೇಕವಾಗಿ ತೆಗೆದಿಟ್ಟು, ಮೊದಲ ಸಿನಿಮಾ ಮುಗಿಸಿ ತೆರೆಗೆ ತಂದ ನಿರ್ದೇಶಕಿಯರ ಎರಡನೆಯ, ಮೂರನೆಯ ಸಿನಿಮಾಕ್ಕೆ ಕೊಡಲಿ. ಮೊದಲನೆಯದು ಗೆದ್ದಿರಬೇಕೆಂಬ ಷರತ್ತು ಬೇಡ. ವಿಷಯ ಸೂಕ್ಷ್ಮವಾಗಿರಬೇಕೆಂಬ ಷರತ್ತಂತೂ ಬೇಡವೇ ಬೇಡ. ಅವಳು ಹಿಂದೆ ಮಾಡೆಲ್ಲೋ, ನಿರೂಪಕಿಯೋ, ನಾಯಕಿಯೋ ಎಂದು ಕೇಳುವ ಕಾಲಮ್ಮನ್ನು ಅರ್ಜಿಯಿಂದ ತೆಗೆದುಹಾಕಿ, ಕೇಳಲೇಬೇಕಿದ್ದರೆ ‘ಅನುಭವ’ ಎಂಬ ತಲೆಬರಹದ ಕೆಳಗೆ ಕೇಳಿ.

‘ಸರಿ ಸ್ವಾಮಿ, ಆ ದುಡ್ಡೂ ಮುಳುಗಿದರೆ?’ ಎಂದು ದರ್ಶಿನಿಯ ಮೂಲೆಯಿಂದ ಯಾರಾದರೂ ಕೇಳಿಯೇ ಕೇಳುತ್ತಾರೆ.

ಮುಳುಗಲಿ. ನಾಲ್ಕನೆಯದರ ಬಗ್ಗೆ ಆಮೇಲೆ ಮಾತಾಡೋಣ.